ಡಿಫರೆನ್ಶಿಯಲ್ ಲಾಕ್ ದೀಪದ ಮೇಲೆ ಅಂಟಿಸಿದ್ದ ಚೀಟಿಯ ಬಗ್ಗೆ

ಹೇಳಿಕೆ ಕೊಡುವವರ ಹೆಸರು: ಜೊತೆಗಿಟ್ಟಿರುವ ಗುರುತಿನ ಚೀಟಿಯಲ್ಲಿ ಇದ್ದಂತೆ
ವಯಸ್ಸು: 24 ವರ್ಷ
ವಿದ್ಯಾಭ್ಯಾಸ: ಸಾಹಿತ್ಯದಲ್ಲಿ ಪದವಿ
ಉದ್ಯೋಗ: ನೀರು ಪರೀಕ್ಷಾ ಪ್ರಯೋಗಾಲಯದಲ್ಲಿ ಮಾದರಿ ಗುಮಾಸ್ತೆ (ತಾತ್ಕಾಲಿಕ)
ವಿಳಾಸ: ಬಸ್ ಡಿಪೋ ಹಿಂದಿನ ಎರಡನೇ ಬೀದಿ, ಹೊಲಿಗೆ ಅಂಗಡಿಯ ಮೇಲಿನ ಮನೆ, ಅಕ್ಕ, ಭಾವನ ಜೊತೆ ವಾಸ

ಈ ಠಾಣೆಯಲ್ಲಿ ಕೇಳಿದ್ದಕ್ಕೆ ನಾನು ತಿಳಿಸುವುದೇನೆಂದರೆ, ಈ ಹೇಳಿಕೆಯನ್ನು ನನ್ನ ಕೈಯಲ್ಲೇ ಬರೆಯುತ್ತಿದ್ದೇನೆ. ಮೊದಲು ಠಾಣೆಯ ರೈಟರ್ ಅವರು ಬರೆದುಕೊಳ್ಳಲು ಕುಳಿತಿದ್ದರು. ಇಪ್ಪತ್ತು ನಿಮಿಷದಲ್ಲಿ ನಾನು ಎರಡು ವಾಕ್ಯ ಹೇಳಿದ್ದೆ, ಎರಡೂ ಅವರಿಗೆ ಕೇಳಿಸಿರಲಿಲ್ಲ. ಪೆನ್ನನ್ನು ನನ್ನ ಕಡೆ ತಳ್ಳಿ ನೀನೇ ಬರಿ ತಾಯಿ ಎಂದರು. ಯಾರು ಏನೆಂದರು ಎಂಬುದನ್ನು ಅವರವರ ಮಾತಲ್ಲೇ ಬರೆಯಬೇಕೆಂದೂ ತಿಳಿಸಿದರು.

ಇಂದು ಬೆಳಿಗ್ಗೆ 7.40ಕ್ಕೆ ನಾನು ಪ್ರಯೋಗಾಲಯದ ಅಂಗಳಕ್ಕೆ ಬಂದಾಗ ನಮ್ಮ ಸಾಹೇಬರು ಕೈಗೆ ಹೊಸ ಚರ್ಮದ ಗವಸು ಹಾಕಿಕೊಂಡು ನಿಂತಿದ್ದರು. ಎರಡು ಗವಸುಗಳನ್ನು ಜೋಡಿಸಿ ಅಂಗಡಿಯವರು ಹಾಕಿದ ಪ್ಲಾಸ್ಟಿಕ್ ದಾರವನ್ನು ಇನ್ನೂ ಕತ್ತರಿಸಿರಲಿಲ್ಲವಾದ್ದರಿಂದ ಅವರ ಎರಡೂ ಕೈ ಒಂದೇ ಕಡೆ ಇದ್ದವು. ಚಳಿಯಾ ಸಾರ್ ಎಂದು ಚಾಲಕರು ಕೇಳಿದರು. ಹೌದು ಎಂದು ಸಾಹೇಬರು ಹೇಳಿದರು. ಅವರ ಹಣೆಯಲ್ಲಿ ಬೆವರಿತ್ತು. ಚಾಲಕರು ತಮ್ಮ ಪೆಟ್ಟಿಗೆಯಿಂದ ಕಟಿಂಗ್ ಪ್ಲೇಯರ್ ತಂದು ದಾರ ಕತ್ತರಿಸಿಕೊಟ್ಟರು.

ಸಾಹೇಬರೆಂದರೆ ನಮ್ಮ ಪ್ರಯೋಗಾಲಯದ ಮುಖ್ಯಸ್ಥರು, ಮೂರು ವಾರದ ಹಿಂದೆ ವರ್ಗವಾಗಿ ಬಂದವರು. ಚಾಲಕರಿಗೆ 59 ವರ್ಷ ಎಂಟು ತಿಂಗಳು. ಕಚೇರಿಯಲ್ಲಿ ಎಲ್ಲರೂ ಅವರನ್ನು ಗೇರ್ ಮಾವ ಎನ್ನುತ್ತಾರೆ, ನಾನೂ ಮುಂದೆ ಹಾಗೆಯೇ ಬರೆಯುತ್ತೇನೆ. ಅವರು 33 ವರ್ಷ ವಾಹನ ಓಡಿಸಿದ್ದಾರೆ, ಒಂದು ಕೋಳಿಗೂ ಪೆಟ್ಟಾಗಿಲ್ಲ. ಇನ್ನು ನಾಲ್ಕು ತಿಂಗಳಿಗೆ ನಿವೃತ್ತಿ. ಆಮೇಲೆ ಸೊಸೆಯ ಜೊತೆ ಸೇರಿ ಡ್ರೈವಿಂಗ್ ಶಾಲೆ ತೆರೆಯುವುದೆಂದು ತೀರ್ಮಾನವಾಗಿ, ಬೋರ್ಡ್ ಕೂಡ ಬರೆಸಿ ಮನೆಯ ಮಂಚದ ಕೆಳಗೆ ಇಟ್ಟಿದ್ದಾರೆ. ಅದಕ್ಕೆ ಅವರ ಲೈಸೆನ್ಸ್ ಬೇಕು. ಇದನ್ನು ಇಲ್ಲಿ ಬರೆಯಲು ಕಾರಣವಿದೆ: ಸಾಹೇಬರು ಕೊಟ್ಟ ದೂರಿನಲ್ಲಿ ಆ ಲೈಸೆನ್ಸ್ ರದ್ದು ಮಾಡಬೇಕೆಂದು ಕೇಳಿದ್ದಾರೆ.

ನಾವು ಮೂವರು 7.55ಕ್ಕೆ ಹೊರಟೆವು. ಗುಡ್ಡದ ಮೇಲಿನ ಎರಡು ಬುಗ್ಗೆಗಳಿಂದ 24 ಬಾಟಲಿ ನೀರು ತರಬೇಕಿತ್ತು. ವಾಹನ ಫೋರ್ ವೀಲ್ ಡ್ರೈವ್, 11 ವರ್ಷ ಹಳೆಯದು. 8.50ಕ್ಕೆ ಟಾರ್ ರಸ್ತೆ ಮುಗಿದು ಮಣ್ಣಿನ ದಾರಿ ಶುರುವಾಯಿತು. ಗೇರ್ ಮಾವ ವಾಹನ ನಿಲ್ಲಿಸಿ ನನಗೆ ನೋಟ್‌ಬುಕ್ ತೆಗೆ ಎಂದರು. ತಮ್ಮ ನಂತರ ಬರುವ ಚಾಲಕನಿಗೆ ಈ ವಾಹನದ ಸ್ವಭಾವ ತಿಳಿದಿರಲಿ ಎಂದು ಎರಡು ತಿಂಗಳಿಂದ ಅವರು ಹೇಳಿ ನನ್ನಿಂದ ಬರೆಸುತ್ತಿದ್ದಾರೆ. ನೋಟ್‌ಬುಕ್ಕಿನ 31 ಪುಟ ತುಂಬಿದೆ. ಅದನ್ನೂ ಒಪ್ಪಿಸಿದ್ದೇನೆ.

ಸಾಹೇಬರು, ಏನಮ್ಮಾ, ಸಾಹಿತ್ಯ ಓದಿದವಳು ಗೇರ್‌ಬಾಕ್ಸ್ ಬಗ್ಗೆ ಬರ್ಕೊಳ್ತಿದ್ದೀಯಲ್ಲ, ಪದ್ಯ ಕಟ್ತೀಯಾ ಹೇಗೆ ಎಂದರು. ಕಟ್ಟಲಿ ಬಿಡಿ ಸಾರ್, ಹಾಡಿಕೊಂಡು ಹಾಕಿದ್ರೂ ಗೇರ್ ಸರಿಯಾಗಿ ಬಿದ್ರೆ ಸಾಕು ಎಂದು ಗೇರ್ ಮಾವ ಹೇಳಿದರು. ನಾನು ಪೆನ್ನಿನ ಕ್ಯಾಪ್ ತೆಗೆದೆ.

ಈ ವಾಹನದಲ್ಲಿ ದೊಡ್ಡ ಗೇರ್ ರಾಡಿನ ಪಕ್ಕ ಒಂದು ಸಣ್ಣ ರಾಡ್ ಇದೆ. ಅದು ಟ್ರಾನ್ಸ್‌ಫರ್ ಕೇಸಿನದು. ಎಂಜಿನ್ನಿನ ಬಲವನ್ನು ಹಿಂದಿನ ಎರಡು ಚಕ್ರಕ್ಕೆ ಮಾತ್ರ ಕೊಡಬೇಕೋ ನಾಲ್ಕಕ್ಕೂ ಕೊಡಬೇಕೋ ಎಂಬುದನ್ನು ಅದು ತೀರ್ಮಾನಿಸುತ್ತದೆ. ಟಾರ್ ರಸ್ತೆಗೆ ಟೂ-ಹೈ. ಸಡಿಲ ಮಣ್ಣಿಗೆ ಫೋರ್-ಹೈ. ಇದನ್ನು ನಿಧಾನವಾಗಿ ಹೋಗುತ್ತಿರುವಾಗಲೂ ಹಾಕಬಹುದು. ಆಳದ ಕೆಸರಿಗೆ, ಕಡಿದಾದ ಏರಿಗೆ ಫೋರ್-ಲೋ, ಅದರಲ್ಲಿ ಬಲ ಹೆಚ್ಚು, ವೇಗ ಕಡಿಮೆ. ಇದಕ್ಕೆ ವಾಹನ ಪೂರ್ತಿ ನಿಂತಿರಬೇಕು, ದೊಡ್ಡ ರಾಡ್ ನ್ಯೂಟ್ರಲ್‌ನಲ್ಲಿರಬೇಕು, ಕ್ಲಚ್ ಪೂರ್ತಿ ಒತ್ತಿರಬೇಕು. ಗೇರ್ ಮಾವ ಮನಸ್ಸಿನಲ್ಲೇ ಮೂರು ಎಣಿಸಿ ಎಳೆಯುತ್ತಾರೆ. ಯಾಕೆ ಮೂರು ಎಂದು ನಾನು ಹಿಂದೊಮ್ಮೆ ಬರೆದು ಕೇಳಿದ್ದಕ್ಕೆ, ಒಳಗಿರೋ ಹಲ್ಲುಗಳು ತಿರುಗೋದು ನಿಲ್ಲಿಸ್ಬೇಕಲ್ಲ ಮಗಳೇ, ಓಡ್ತಿರೋರ ಕೈಗೆ ಕಾಫಿ ಲೋಟ ಕೊಟ್ಟ ಹಾಗಾಗ್ಬಾರ್ದು ಎಂದಿದ್ದರು.

9.25ಕ್ಕೆ ಎರಡನೇ ಬುಗ್ಗೆಗೆ 140 ಮೀಟರ್ ಇರುವಾಗ ಕೆಸರಿನ ಹೊಂಡ ಬಂತು. ಗೇರ್ ಮಾವ ವಾಹನ ನಿಲ್ಲಿಸಿ, ಮೇಲೆ ಹೇಳಿದ ಪ್ರಕಾರ ಫೋರ್-ಲೋ ಹಾಕಿದರು. ಆಮೇಲೆ ಡ್ಯಾಶ್‌ಬೋರ್ಡಿನ ಒಂದು ಗುಂಡಿ ಒತ್ತಿದರು. ಕಿತ್ತಳೆ ಬಣ್ಣದ ದೀಪ ಹತ್ತಿತು. ಅದೇ ಡಿಫರೆನ್ಶಿಯಲ್ ಲಾಕ್.

ಇಲ್ಲಿಯವರೆಗೆ ಓದಿದ ರೈಟರ್ ಅವರು ಲಾಕ್ ಅಂದರೆ ಬೀಗವೋ, ಕೀಲಿಕೈ ಯಾರ ಹತ್ತಿರವಿದೆ ಎಂದು ಕೇಳಿದರು. ಆದ್ದರಿಂದ ಗೇರ್ ಮಾವ ಹೊಂಡದ ದಡದಲ್ಲಿ ಸಾಹೇಬರಿಗೆ ಹೇಳಿದ್ದನ್ನೇ ಬರೆಯುತ್ತೇನೆ. ಚಕ್ರಗಳು ಅಣ್ಣತಮ್ಮಂದಿರಿದ್ದ ಹಾಗೆ ಸಾರ್. ತಿರುವಲ್ಲಿ ಹೊರಗಿನವನಿಗೆ ದೂರ ಜಾಸ್ತಿ, ಒಳಗಿನವನಿಗೆ ಕಮ್ಮಿ. ಒಬ್ಬ ಬೇಗ ಓಡ್ಬೇಕು, ಒಬ್ಬ ನಿಧಾನ. ಹಾಗೆ ಓಡೋಕೆ ಬಿಡೋದೇ ಡಿಫರೆನ್ಶಿಯಲ್ಲು. ಕೆಸರಲ್ಲಿ ಮಾತ್ರ ಒಬ್ಬ ಸುಮ್ಮನೆ ಗರಗರ ಸುತ್ತುತಾನೆ, ಇನ್ನೊಬ್ಬ ಕೈಕಟ್ಟಿ ನಿಲ್ತಾನೆ. ಆಗ ಇಬ್ಬರನ್ನೂ ಒಂದೇ ಹಗ್ಗಕ್ಕೆ ಕಟ್ಟೋದು ಲಾಕು. ಕೆಸರು ದಾಟಿದ ತಕ್ಷಣ ಬಿಚ್ಬೇಕು. ಕಟ್ಟಿಕೊಂಡೇ ಟಾರಿಗೆ ಬಂದು ತಿರುಗು ಅಂದ್ರೆ ಇಬ್ಬರೂ ತಿರುಗಲ್ಲ, ನೆಟ್ಟಗೆ ಮಾವನ ಮನೆಗೆ ಹೋಗ್ತಾರೆ.

ಸಾಹೇಬರು ಗಡಿಯಾರ ನೋಡಿಕೊಳ್ಳುತ್ತಿದ್ದರು.

ಹೊಂಡವನ್ನು ವಾಹನ ನಡೆಯುವ ವೇಗದಲ್ಲಿ, ಒಂದು ಸಲವೂ ಚಕ್ರ ಜಾರದೆ ದಾಟಿತು. ಸಾಹೇಬರು ಅದನ್ನು ನೋಡಿ ಗವಸು ಸರಿಪಡಿಸಿಕೊಂಡರು. 10.30ರ ಹೊತ್ತಿಗೆ ನೀರು ತುಂಬಿ ಮುಗಿದು, ಹಿಂತಿರುಗುವಾಗ ಅದೇ ಹೊಂಡವನ್ನು ಗೇರ್ ಮಾವ ಅದೇ ರೀತಿ ದಾಟಿಸಿದರು. 10.48ಕ್ಕೆ, ಹೊಂಡದಿಂದ 10 ಮೀಟರ್ ಈಚೆ, ಸಾಹೇಬರು ನಿಲ್ಲಿಸು ಎಂದರು. ಇಳಿ, ನಾನು ಓಡಿಸ್ತೀನಿ ಎಂದರು. ಇರಿ ಸಾರ್, ಲಾಕ್ ಬಿಚ್ಚಿ, ಸಣ್ಣ ರಾಡ್ ಹಾಕಿ ಕೊಡ್ತೀನಿ ಎಂದು ಗೇರ್ ಮಾವ ಹೇಳಿದರು. ಬೇಡ, ಇರಲಿ, ಬಿಗಿಯಾಗಿದ್ರೆ ಒಳ್ಳೇದೇ, ನಾನು ಟ್ರೈನಿಂಗ್‌ನಲ್ಲಿ ಇದನ್ನೆಲ್ಲ ಓಡಿಸಿದ್ದೀನಿ ಎಂದು ಸಾಹೇಬರು ಹೇಳಿದರು. ಅವರು ತರಬೇತಿ ಪಡೆದದ್ದು ನೀರಿನ ರಸಾಯನಶಾಸ್ತ್ರದಲ್ಲಿ. ಇದು ಅವರ ಕೋಣೆಯ ಗೋಡೆಯ ಮೇಲಿನ ಪ್ರಮಾಣಪತ್ರದಿಂದ ನನಗೆ ಗೊತ್ತು.

ಗೇರ್ ಮಾವ ಹಿಂದೆ, ಬಾಟಲಿಯ ಸ್ಟ್ಯಾಂಡಿನ ಆಚೆ ಕುಳಿತರು. ಅಲ್ಲಿಂದ ಡ್ಯಾಶ್‌ಬೋರ್ಡ್ ಕಾಣುವುದಿಲ್ಲ. ನಾನು ಮುಂದಿನ ಸೀಟಿನಲ್ಲಿ ಬಾಟಲಿಗೆ ಅಂಟಿಸುವ ಚೀಟಿಗಳ ಸುರುಳಿ ಹಿಡಿದು ಕುಳಿತಿದ್ದೆ.

10.57ಕ್ಕೆ ದಾರಿಗೆ ಅಡ್ಡ ಬಿದ್ದಿದ್ದ ಕೊಂಬೆಯನ್ನು ಎಳೆದುಹಾಕಲು ಗೇರ್ ಮಾವ ಇಳಿದರು. ಆಗ ಸಾಹೇಬರು ನನ್ನ ಕಡೆ ತಿರುಗಿ, ಈ ದೀಪ ಒಂದು ಕಣ್ಣಿಗೆ ಚುಚ್ತಾ ಇದೆ, ನಿನ್ನ ಚೀಟಿ ಒಂದು ಅಂಟಿಸು ಇದರ ಮೇಲೆ ಎಂದರು. ಅದನ್ನು ಮುಚ್ಚಬಾರದೆಂದು ನನಗೆ ಗೊತ್ತಿತ್ತು. ನೋಟ್‌ಬುಕ್ಕಿನ 19ನೇ ಪುಟದಲ್ಲಿ ನಾನೇ ಬರೆದಿದ್ದೇನೆ: ಗುಂಡಿ ಒತ್ತಿದ ಮಾತ್ರಕ್ಕೆ ಲಾಕ್ ಬಿಡುವುದಿಲ್ಲ, ಕೆಲವು ಸಲ ಬಿಗಿದುಕೊಂಡಿರುತ್ತದೆ, ಎರಡು ಮೂರು ಮೀಟರ್ ಹಿಂದಕ್ಕೆ ಹೋಗಿ ಸಡಿಲಿಸಬೇಕು, ಕೈಯನ್ನು ನಂಬಬೇಡ, ದೀಪವನ್ನು ನಂಬು. ಹೇಳಲೆಂದು ಬಾಯಿ ತೆರೆದೆ. ಸಾಹೇಬರು ಹೂಂ ಎಂದರು. ಚೀಟಿ ಅಂಟಿಸಿದೆ.

ಆ ಚೀಟಿಯ ಮೇಲೆ ‘ನೀರಿನ ಮೂಲ’ ಎಂದೂ ‘ಕುಡಿಯಲು ಯೋಗ್ಯ / ಅಯೋಗ್ಯ’ ಎಂದೂ ಅಚ್ಚಾಗಿದೆ. ನಮ್ಮ ಪ್ರಯೋಗಾಲಯದ ನಿಯಮದ ಪ್ರಕಾರ ಚೀಟಿ ಅಂಟಿಸಿದ ಕ್ಷಣವೇ ಅದರ ಮೇಲೆ ಸಮಯ ಬರೆದು ಕಿರುಸಹಿ ಹಾಕಬೇಕು. ಕೈ ಅಭ್ಯಾಸದಿಂದ ನಾನು 10.58 ಎಂದು ಬರೆದು ಕಿರುಸಹಿ ಹಾಕಿದೆ. ಅಯೋಗ್ಯ ಎಂಬುದರ ಕೆಳಗಿನ ಗೆರೆ ಕೂಡ ನಾನೇ ಎಳೆದಿರಬಹುದು. ಅದು ನೆನಪಿಲ್ಲ.

11.04ಕ್ಕೆ ಟಾರ್ ರಸ್ತೆ ಸೇರಿದೆವು. ಸಾರ್, ಟಾರ್ ಬಂತು, ನಿಲ್ಸಿ ಬಿಚ್ಚಿಬಿಡಿ ಎಂದು ಗೇರ್ ಮಾವ ಹಿಂದಿನಿಂದ ಕೂಗಿದರು. ಸಾಹೇಬರು ಓಡುತ್ತಿರುವಾಗಲೇ ಲಾಕಿನ ಗುಂಡಿ ಒತ್ತಿ, ಬಿಚ್ಚಾಯ್ತು ಎಂದರು. ಸಣ್ಣ ರಾಡನ್ನು ಮುಟ್ಟಲಿಲ್ಲ. ದೀಪ ಆರಿತಾ ಸಾರ್ ಎಂದು ಗೇರ್ ಮಾವ ಕೇಳಿದರು. ಸಾಹೇಬರು ಡ್ಯಾಶ್‌ಬೋರ್ಡ್ ನೋಡಿ, ದೀಪವೇ ಇಲ್ವಲ್ಲಪ್ಪ ಎಂದರು. ಅವರು ಸುಳ್ಳು ಹೇಳುತ್ತಿದ್ದರೆಂದು ನನಗೆ ಅನಿಸಲಿಲ್ಲ. ಆರು ನಿಮಿಷದ ಹಿಂದೆ ತಾವೇ ಮುಚ್ಚಿಸಿದ್ದನ್ನು ಮರೆತಿದ್ದರು.

ಆಗ ಗೇರ್ ಮಾವ, ಮಗಳೇ, ನೀನು ನೋಡಿ ಹೇಳು, ದೀಪ ಇದೆಯಾ ಎಂದರು.

ಚೀಟಿಯ ಬಲಗಡೆಯ ಅಂಚಿನಿಂದ ಕಿತ್ತಳೆ ಬೆಳಕು ಕಾಣುತ್ತಿತ್ತು. ನಾನು ಇದೆ ಎಂದು ಹೇಳಬೇಕಿತ್ತು. ಎರಡು ಅಕ್ಷರ. ಇಲ್ಲ ಅಂದೆನಲ್ಲ, ಅವಳನ್ನೇನು ಕೇಳ್ತೀಯಾ ಎಂದು ಸಾಹೇಬರು ಹೇಳಿದರು. ನಾನು ಸುಮ್ಮನಿದ್ದೆ.

ಅಲ್ಲಿಂದ ಈ ಠಾಣೆಗೆ 1.8 ಕಿಲೋಮೀಟರ್. ರಸ್ತೆ ನೆಟ್ಟಗಿದೆ, ಮೊದಲ ತಿರುವೇ ಠಾಣೆಯ ತಿರುವು. ವಾಹನ ಫೋರ್-ಲೋನಲ್ಲೇ ಇದ್ದುದರಿಂದ ಎಂಜಿನ್ ಕಿರುಚುತ್ತಿತ್ತು, ವೇಗ ಮಾತ್ರ 14 ಕಿಲೋಮೀಟರ್ ದಾಟುತ್ತಿರಲಿಲ್ಲ. ಒಂದು ಸೈಕಲ್ ನಮ್ಮನ್ನು ದಾಟಿ ಹೋಯಿತು. ಸಾರ್, ಗಾಡಿ ಅಳ್ತಾ ಇದೆ ಎಂದು ಗೇರ್ ಮಾವ ಹೇಳಿದರು. ಏರು ಇದೆ ಎಂದು ಸಾಹೇಬರು ಹೇಳಿದರು. ಅದು ಇಳಿಜಾರು.

11.11ಕ್ಕೆ, ಠಾಣೆಗೆ 250 ಮೀಟರ್ ಇರುವಾಗ, ಒಂದು ನಿಮಿಷ ನಿಲ್ಸಿ, ನಾನೇ ಮುಂದೆ ಬಂದು ನೋಡ್ತೀನಿ ಎಂದು ಗೇರ್ ಮಾವ ಇಳಿದರು. ಅವರು ಸುತ್ತಿಕೊಂಡು ಮುಂದಿನ ಬಾಗಿಲಿಗೆ ಬರುವ ಮೊದಲೇ ಸಾಹೇಬರು ಹೊರಟರು. ಗೇರ್ ಮಾವ ಚಪ್ಪಲಿ ಕೈಯಲ್ಲಿ ಹಿಡಿದು ಹಿಂದೆ ಓಡಿಬಂದರು. ಕನ್ನಡಿಯಲ್ಲಿ ಅವರು ಕಾಣುತ್ತಲೇ ಇದ್ದರು. ತಿರುಗಿಸ್ಬೇಡಿ, ತಿರುಗಿಸ್ಬೇಡಿ ಎಂದು ಕೂಗುತ್ತಿದ್ದರು. ಅವನೇನು ತಿರುಗಿಸು ಅಂತಿದ್ದಾನಾ ಎಂದು ಸಾಹೇಬರು ನನ್ನನ್ನು ಕೇಳಿದರು, ಉತ್ತರಕ್ಕೆ ಕಾಯಲಿಲ್ಲ.

11.12ಕ್ಕೆ ತಿರುವಿನಲ್ಲಿ ಸಾಹೇಬರು ಸ್ಟೀರಿಂಗನ್ನು ಬಲಕ್ಕೆ ಪೂರ್ತಿ ತಿರುಗಿಸಿದರು. ಟೈರುಗಳು ಕಿರ್ರೆಂದವು. ವಾಹನ ನೆಟ್ಟಗೆ ಹೋಯಿತು. ಕಾಲು ತೆಗೆದಿದ್ದರೆ ಅಲ್ಲೇ ನಿಲ್ಲುತ್ತಿತ್ತು. ತಿರುಗಲು ಶಕ್ತಿ ಸಾಲುತ್ತಿಲ್ಲವೆಂದು ತಿಳಿದು ಅವರು ಆಕ್ಸಿಲರೇಟರ್ ಒತ್ತಿದರು.

ಅಪಘಾತ ಸುಮಾರು ಒಂಬತ್ತು ಸೆಕೆಂಡು ನಡೆಯಿತು. ಠಾಣೆಯ ಗೇಟಿನ ಬಳಿ ಕುಳಿತಿದ್ದ ಕಾನ್‌ಸ್ಟೆಬಲ್ ಅವರಿಗೆ ಎದ್ದು, ಕುರ್ಚಿ ಎತ್ತಿಕೊಂಡು, ಐದು ಹೆಜ್ಜೆ ಸರಿದು, ಮತ್ತೆ ಬಂದು ಚಹಾದ ಲೋಟ ತೆಗೆದುಕೊಂಡು ಹೋಗುವಷ್ಟು ಸಮಯವಿತ್ತು. ಅವರು ಎರಡನೇ ಸಲ ಬಂದಾಗ ಸಾಹೇಬರು ಕಿಟಕಿಯಿಂದ ಸರೀರಿ, ಸರೀರಿ ಎಂದರು. ನೀವು ತಿರುಗ್ರೀ ಎಂದು ಕಾನ್‌ಸ್ಟೆಬಲ್ ಹೇಳಿದರು. ತಿರುಗ್ತಾ ಇಲ್ಲ ಕಣ್ರೀ ಎಂದು ಸಾಹೇಬರು ಹೇಳಿದರು. ಅಷ್ಟರಲ್ಲಿ ಕಾಂಪೌಂಡ್ ಗೋಡೆ ಬಂತು. ವಾಹನ ಅದನ್ನು ಗುದ್ದಲಿಲ್ಲ, ತಳ್ಳಿತು. ಐದು ಅಡಿ ಗೋಡೆ ನಿಧಾನವಾಗಿ ಒಳಗೆ ಮಲಗಿತು. ನೀರಿನ ಡ್ರಮ್ ಉರುಳಿತು. ‘ಇಲ್ಲಿ ವಾಹನ ನಿಲ್ಲಿಸಬಾರದು’ ಎಂಬ ಬೋರ್ಡಿನ ಮೇಲೆ ವಾಹನ ನಿಂತಿತು. ಯಾರಿಗೂ ಗಾಯವಾಗಲಿಲ್ಲ. ಮೂರು ಬಾಟಲಿ ಒಡೆದವು.

ಗೇರ್ ಮಾವ 40 ಮೀಟರ್ ಹಿಂದಿದ್ದರು. ಬಂದವರೇ ನನ್ನ ಕಡೆಯ ಬಾಗಿಲು ತೆರೆದು, ಏನೂ ಆಗಿಲ್ಲ ತಾನೇ ಮಗಳೇ ಎಂದರು. ಆಮೇಲೆ ಸಾಹೇಬರನ್ನು ಇಳಿಸಿ ತಾವು ಕುಳಿತು, ಕ್ಲಚ್ ಒತ್ತಿ, ನ್ಯೂಟ್ರಲ್ ಮಾಡಿ, ಮೂರು ಎಣಿಸಿ ಸಣ್ಣ ರಾಡನ್ನು ಟೂ-ಹೈಗೆ ತಂದು, ವಾಹನವನ್ನು ಮೂರು ಮೀಟರ್ ಹಿಂದಕ್ಕೆ ತೆಗೆದರು. ಒಳಗೆ ಟಕ್ ಎಂದು ಸದ್ದಾಯಿತು. ದೀಪ ಹುಡುಕಿದರು. ಚೀಟಿ ಕಂಡಿತು. ಅದನ್ನು ಬಿಡಿಸಿ, ಸಮಯ ಓದಿದರು, ಕಿರುಸಹಿ ಓದಿದರು, ನನ್ನನ್ನು ನೋಡಿದರು. ಚೀಟಿಯನ್ನು ಜೇಬಿಗೆ ಹಾಕಿಕೊಂಡರು. ಬೈದಿದ್ದರೆ ಚೆನ್ನಾಗಿತ್ತು.

ಮಧ್ಯಾಹ್ನ 1.15ಕ್ಕೆ ಸಾಹೇಬರು ದೂರು ಕೊಟ್ಟರು. ಚಾಲಕನು ದ್ವೇಷದಿಂದ ಲಾಕ್ ಹಾಕಿಟ್ಟು, ಅದು ಗೊತ್ತಾಗದಂತೆ ದೀಪಕ್ಕೆ ಚೀಟಿ ಅಂಟಿಸಿ, ವಾಹನವನ್ನು ತಮಗೆ ಒಪ್ಪಿಸಿದನೆಂದು ಅದರಲ್ಲಿದೆ. ಇನ್ಸ್‌ಪೆಕ್ಟರ್ ಅವರು ಗೇರ್ ಮಾವನನ್ನು ಕರೆದು ಚೀಟಿ ಅಂಟಿಸಿದ್ದು ಯಾರು ಎಂದು ಕೇಳಿದರು. ನಾನು ಬಾಗಿಲ ಬಳಿ ಇದ್ದೆ. ಗೇರ್ ಮಾವ ಜೇಬಿನಿಂದ ಚೀಟಿ ತೆಗೆದುಕೊಟ್ಟು, ನಾನೇ ಸಾರ್, ಆ ಹುಡುಗಿ ಮೊದಲೇ ಸಹಿ ಹಾಕಿಟ್ಟಿದ್ದ ಚೀಟೀಲಿ ಒಂದು ತಗೊಂಡು ಅಂಟಿಸಿದೆ ಎಂದರು.

ಹೊರಗೆ ಬಂದಾಗ, ಯಾಕೆ ಮಾವ ಎಂದು ಕೇಳಿದೆ. ಅವರು ಮುರಿದ ಗೋಡೆಯ ಮೇಲೆ ಕುಳಿತು ಕಾಲಿಗೆ ಚುಚ್ಚಿದ ಕಲ್ಲು ತೆಗೆಯುತ್ತಾ, ನನಗಿರೋದು ನಾಲ್ಕು ತಿಂಗಳು, ನಿನಗಿನ್ನೂ ಮೂವತ್ತಾರು ವರ್ಷದ ನೌಕರಿ ಇದೆ, ಸುಮ್ಮನಿರು ಎಂದರು. ಶಾಲೆಯ ಬೋರ್ಡು ಎಂದೆ. ಬೋರ್ಡಿಗೇನು, ಸೊಸೆ ಹೆಸರಲ್ಲೇ ಬರೆಸಿರೋದು, ಅವಳೇ ಕಲಿಸ್ತಾಳೆ, ನಾನು ಪಕ್ಕದಲ್ಲಿ ಕೂತು ಹೆದರಿಸ್ತೀನಿ ಎಂದರು. ನಗಿಸಲು ಹೇಳಿದರೆಂದು ಗೊತ್ತಾಯಿತು. ಆ ಬೋರ್ಡನ್ನು ಅವರು ಫೋನಿನಲ್ಲಿ ನನಗೆ ತೋರಿಸಿದ್ದಾರೆ. ಅದರಲ್ಲಿ ಎರಡು ಹೆಸರಿವೆ. ಅವರದು ಮೇಲೆ ಇದೆ.

2.40ಕ್ಕೆ ಸಾಹೇಬರು ನನ್ನನ್ನು ಠಾಣೆಯ ಹಿಂದಿನ ನಲ್ಲಿಯ ಬಳಿ ಕರೆದು ಒಂದು ಟೈಪ್ ಮಾಡಿಸಿದ ಹಾಳೆ ಕೊಟ್ಟರು. ನಿನ್ನ ಆರ್ಡರ್ ಈ ತಿಂಗಳ ಕೊನೆಗೆ ಮುಗಿಯುತ್ತಲ್ಲಮ್ಮಾ, ಮುಂದುವರಿಸೋಕೆ ನನ್ನ ಸಹಿ ಬೇಕು, ಇದಕ್ಕೆ ನಿನ್ನ ಸಹಿ ಹಾಕು ಎಂದರು. ಅದು ನನ್ನ ಹೇಳಿಕೆ. ಅದರಲ್ಲಿ ನಾನು, ಸಾಹಿತ್ಯ ಓದಿದವಳಾದ ಕಾರಣ ನನಗೆ ವಾಹನಗಳ ವಿಷಯದಲ್ಲಿ ಏನೂ ತಿಳಿಯುವುದಿಲ್ಲ ಎಂದಿದ್ದೇನೆ. ಮುಂದಿನ ವಾಕ್ಯದಲ್ಲಿ, ಚಾಲಕನು 11.10ಕ್ಕೆ ಹಿಂದಿನ ಸೀಟಿನಿಂದ ಕೈ ಚಾಚಿ ಡಿಫರೆನ್ಶಿಯಲ್ ಲಾಕ್ ಹಾಕಿದ್ದನ್ನು ಸ್ಪಷ್ಟವಾಗಿ ಗುರುತಿಸಿದೆ ಎಂದಿದ್ದೇನೆ. ಹಿಂದಿನ ಸೀಟಿನಿಂದ ಆ ಗುಂಡಿಗೆ 1.6 ಮೀಟರ್. ಬಾಟಲಿಯ ಸ್ಟ್ಯಾಂಡಿನ ಅಳತೆ ನನಗೆ ಗೊತ್ತಿರುವುದರಿಂದ ಇದನ್ನು ಹೇಳಬಲ್ಲೆ. ಸಹಿ ಹಾಕಿ ಆಮೇಲೆ ಕೊಡುತ್ತೇನೆಂದು ಅವರು ತಿಳಿದುಕೊಂಡರು. ನಾನು ಹಾಳೆಯನ್ನು ಮಡಚಿ ನೋಟ್‌ಬುಕ್ಕಿನಲ್ಲಿ ಇಟ್ಟೆ.

4.10ಕ್ಕೆ ರೈಟರ್ ಅವರು ನನ್ನನ್ನು ಕರೆದರು. ಉಳಿದದ್ದು ಮೇಲೆ ಬರೆದಿದ್ದೇನೆ. ಬರೆಯುತ್ತಿರುವಾಗ ಇನ್ಸ್‌ಪೆಕ್ಟರ್ ಅವರು ನನ್ನ ಹಿಂದೆ ನಿಂತು ಎರಡು ಪುಟ ಓದಿದರು. ಟಾರಿನ ಮೇಲೆ ಲಾಕ್ ಹಾಕಿಕೊಂಡೇ ಓಡಿಸಿದರೆ ಟೈರ್ ಸವೆಯುತ್ತದೆಯೇ ಎಂದು ಕೇಳಿದರು. ಹೌದು, ಸವೆಯುತ್ತದೆ, ಗೇರುಗಳ ಮೇಲೂ ಒತ್ತಡ ಬೀಳುತ್ತದೆ ಎಂದೆ. ಇದು ಎಲ್ಲರಿಗೂ ಕೇಳಿಸಿತು. ಅವರು ಕಾನ್‌ಸ್ಟೆಬಲ್ ಅವರನ್ನು ಕರೆದು, ಹೋಗಿ ನಮ್ಮ ಜೀಪಲ್ಲಿ ಕಿತ್ತಳೆ ದೀಪ ಹತ್ತಿದೆಯಾ ನೋಡ್ಕೊಂಡು ಬಾ ಎಂದರು. ಅವರು ಹೋಗಿ ಬಂದು, ಹತ್ತಿದೆ ಸಾರ್, ಜೀಪ್ ತಂದ ದಿನದಿಂದ ಹತ್ಕೊಂಡೇ ಇದೆ, ಹಬ್ಬದ ದೀಪ ಇರಬಹುದು ಅಂದ್ಕೊಂಡಿದ್ವಿ ಎಂದು ತಿಳಿಸಿದರು. ಇನ್ಸ್‌ಪೆಕ್ಟರ್ ಅವರು ನೋಟ್‌ಬುಕ್ಕನ್ನು ಎರಡು ದಿನ ಇಟ್ಟುಕೊಳ್ಳಬಹುದೇ ಎಂದು ಕೇಳಿದರು.

ಚೀಟಿ ಅಂಟಿಸಿದವರು ಯಾರೋ ಒಬ್ಬರು ಎಂದು ಬರೆದರೂ ಕಾಗದ ನಿಲ್ಲುತ್ತದೆ, ಆಮೇಲೆ ನಿನಗೇ ತೊಂದರೆಯಾದೀತು ಎಂದು ರೈಟರ್ ಅವರು ಮೆಲ್ಲನೆ ಹೇಳಿದರು. ಅವರ ಒಳ್ಳೆಯ ಮನಸ್ಸಿಗೆ ನಾನು ಋಣಿ. ಆದರೆ ನಾನು ಯಾವ ದಿನವೂ, ಯಾವ ಚೀಟಿಗೂ ಮೊದಲೇ ಸಹಿ ಹಾಕಿಟ್ಟವಳಲ್ಲ. ಗೇರ್ ಮಾವ ಹೇಳಿದ್ದರಲ್ಲಿ ಅದು ಮೊದಲ ಸುಳ್ಳು. ತಾವೇ ಅಂಟಿಸಿದ್ದಾಗಿ ಹೇಳಿದ್ದು ಎರಡನೆಯದು. ಬೋರ್ಡಿನ ಮಾತು ಬಿಟ್ಟರೆ, 33 ವರ್ಷದಲ್ಲಿ ಅವರು ಹೇಳಿದ ಸುಳ್ಳು ಇವೆರಡೇ ಇರಬೇಕು, ಅದಕ್ಕೇ ಎರಡನ್ನೂ ಇಷ್ಟು ಕೆಟ್ಟದಾಗಿ ಹೇಳಿದ್ದಾರೆ. 10.58ಕ್ಕೆ ಅವರು ವಾಹನದಿಂದ 12 ಮೀಟರ್ ಮುಂದೆ, ಎರಡೂ ಕೈಯಲ್ಲಿ ಕೊಂಬೆ ಹಿಡಿದುಕೊಂಡಿದ್ದರು. ಚೀಟಿ ಅಂಟಿಸಿದವಳು ನಾನು. ಅಂಟಿಸೆಂದವರು ಸಾಹೇಬರು. ದೀಪ ಇದೆಯಾ ಎಂದು ಕೇಳಿದಾಗ ಉತ್ತರ ಕೊಡದವಳೂ ನಾನೇ.

ಸಾಹೇಬರು ಕೊಟ್ಟ ಟೈಪ್ ಹಾಳೆಯನ್ನು, ಸಹಿ ಹಾಕದೆ, ಈ ಹೇಳಿಕೆಯ ಕೊನೆಗೆ ಪಿನ್ ಮಾಡಿದ್ದೇನೆ.

ಇದನ್ನು ನಾನೇ ಬರೆದು, ನಾನೇ ಮತ್ತೆ ಓದಿದ್ದೇನೆ. ಕಂಡದ್ದಕ್ಕಿಂತ ಹೆಚ್ಚು ಬರೆದಿಲ್ಲ, ಕಡಿಮೆಯೂ ಬರೆದಿಲ್ಲ. ಇನ್ನು ಆರು ಪುಟಕ್ಕೂ ಸಹಿ ಹಾಕುವುದು ಬಾಕಿ. ಎದುರಿನ ಬೆಂಚಿನಲ್ಲಿ ಗೇರ್ ಮಾವ ಕುಳಿತು, ಬೇಡ ಎಂದು ತಲೆಯಾಡಿಸುತ್ತಿದ್ದಾರೆ, ಆಗಾಗ ಕೆಮ್ಮುತ್ತಿದ್ದಾರೆ. ಆರನೇ ಪುಟ ಮುಗಿಯುವವರೆಗೆ ತಲೆ ಎತ್ತಬಾರದೆಂದು ತೀರ್ಮಾನಿಸಿದ್ದೇನೆ.

ಸ್ಥಳ: ಇದೇ ಠಾಣೆ, ಗೋಡೆ ಉಳಿದಿರುವ ಕಡೆಯ ಕೋಣೆ
ದಿನ, ಸಮಯ: ಘಟನೆಯ ದಿನವೇ, ಸಂಜೆ 5.50

ಸಹಿ
(ಮಾದರಿ ಗುಮಾಸ್ತೆ)